ಹದಿನೆಂಟು ನಿಮಿಷ ಕೂತು ನೋಡುವವರು

ಸಿನಿಮಾ ಮಾಡುತ್ತೇನೆ ಅಂದಕೂಡಲೇ ನಮ್ಮ ಕಡೆಯ ಜನ "ಹೀರೋ ಯಾರ್ರಿ?" ಎಂದು ಕೇಳುತ್ತಾರೆ. ಹೀರೋ ಇಲ್ಲ ಅಂದರೆ "ಹಾಡು ಎಷ್ಟದಾವ್ರಿ?" ಅನ್ನುತ್ತಾರೆ. ಹಾಡೂ ಇಲ್ಲ ಅಂದರೆ ಮುಖ ಒಮ್ಮೆ ಸರಿಯಾಗಿ ನೋಡಿ, "ಮನ್ಯಾಗ ಎಲ್ಲಾರೂ ಆರಾಮ ಅದಾರಲ್ರಿ?" ಎಂದು ವಿಚಾರಿಸಿ, ಮೆಲ್ಲಗೆ ಜಾಗ ಖಾಲಿ ಮಾಡುತ್ತಾರೆ. ಒಂದೆರಡು ಸಲವಾದರೆ ನಗಬಹುದು. ಮೂರು ವರ್ಷ ಇದೇ ನಡೆದರೆ ಮನುಷ್ಯನಿಗೆ ದಣಿವಾಗುತ್ತದೆ. ಈಗಲೂ ಇಂಥವು ನಿಂತಿಲ್ಲ. ನಾನೇ ಎದುರು ಮಾತಾಡುವುದನ್ನು ನಿಲ್ಲಿಸಿದ್ದೇನೆ.

ಇದು ಎಪ್ಪತ್ತರ ದಶಕದ ಕೊನೆಯ ಮಾತು. ಆಗ ನಮ್ಮದೆಲ್ಲ ಬಿಜಾಪುರ ಜಿಲ್ಲೆ. ನಾನು ಬಾಗಲಕೋಟೆಯ ಒಂದು ಹೈಸ್ಕೂಲಿನಲ್ಲಿ ಡ್ರಾಯಿಂಗ್ ಮಾಸ್ತರ. ಸೂಟಿಯಲ್ಲಿ ಒಂದು ಶಿಬಿರಕ್ಕೆ ಹೋಗಿ, ದೇಶವಿದೇಶದ ಸಿನಿಮಾ ನೋಡಿ, ತಲೆ ಕೆಡಿಸಿಕೊಂಡು ಬಂದೆ. ಬಾದಾಮಿಯ ಕಲ್ಲು, ಮಹಾಕೂಟದ ನೀರು, ಇಳಕಲ್ಲಿನ ನೂಲು, ಈ ಮೂರನ್ನೇ ಇಟ್ಟುಕೊಂಡು ಒಂದು ಸಿನಿಮಾ ಮಾಡುವುದೆಂದು ಹಟ ಹಿಡಿದೆ. ಮಾತಿಲ್ಲ, ಕಥೆಯಿಲ್ಲ, ಮಗ್ಗದ ಸಪ್ಪಳ ಒಂದೇ. ಕಪ್ಪು ಬಿಳುಪು. ಜೊತೆಗೆ ನನ್ನ ಗೆಳೆಯ, ಪೇಟೆಯಲ್ಲಿ ಫೋಟೋ ಸ್ಟುಡಿಯೋ ಇಟ್ಟವನು. ಅವನ ಹತ್ತಿರ ಯಾರೋ ಬಿಟ್ಟುಹೋದ ಹಳೇ ಕ್ಯಾಮರಾ ಇತ್ತು. ಗಡಿಯಾರದ ಹಾಗೆ ಚಾವಿ ತಿರುವಬೇಕು. ಒಮ್ಮೆ ತಿರುವಿದರೆ ಅರ್ಧ ನಿಮಿಷ ಕೂಡ ಓಡುತ್ತಿರಲಿಲ್ಲ. ಹೀಗೆ ತಿರುವಿ ತಿರುವಿ ಮೂರು ವರ್ಷಕ್ಕೆ ಹದಿನೆಂಟು ನಿಮಿಷದ ಸಿನಿಮಾ ಆಯಿತು.

ಬಹುಮಾನದ ಆಸೆ ಇರಲಿಲ್ಲ ಅಂದರೆ ಸುಳ್ಳಾಗುತ್ತದೆ. ಆದರೆ ಅದಕ್ಕಿಂತ ದೊಡ್ಡ ಆಸೆ ಒಂದಿತ್ತು. ನಮ್ಮ ಕಡೆಯ ಮಂದಿ, ಯಾರ ಕಲ್ಲು, ಯಾರ ನೀರು, ಯಾರ ನೂಲು ತೆಗೆದಿದ್ದೆನೋ ಅವರು, ಈ ಹದಿನೆಂಟು ನಿಮಿಷ ಎದ್ದು ಹೋಗದೆ ಕೂತು ನೋಡಬೇಕು. ಇಷ್ಟೇ. ಇದು ಎಷ್ಟು ದೊಡ್ಡ ಬೇಡಿಕೆ ಎಂಬುದು ಆಗ ನನಗೆ ಗೊತ್ತಿರಲಿಲ್ಲ.

ಎರಡು ಕಾಲಿನ ಸ್ಟ್ಯಾಂಡು

ಮೊದಲ ದಿನ ಬಾದಾಮಿಯ ಗುಹೆ. ಗೆಳೆಯ ಮೂರು ಕಾಲಿನ ಸ್ಟ್ಯಾಂಡು ಬಿಚ್ಚುತ್ತಿದ್ದಂತೆ ಕಾವಲುಗಾರ ಓಡಿಬಂದ. ವಯಸ್ಸಾದ ಮನುಷ್ಯ, ಮೆಟ್ಟಿಲು ಹತ್ತಿ ಬಂದು ಮಾತಾಡುವುದಕ್ಕೇ ಸ್ವಲ್ಪ ಹೊತ್ತು ಹಿಡಿಯಿತು.

"ಸ್ಟ್ಯಾಂಡ್ ಹಚ್ಚಂಗಿಲ್ರಿ ಸಾಹೇಬ್ರ. ರೂಲ್ಸ್ ಐತಿ."

ಕೈಯಲ್ಲಿ ಹಿಡಿದರೆ ಗೆಳೆಯನ ಕೈ ನಡುಗುತ್ತದೆ. ಕಲ್ಲು ನಡುಗಿದರೆ ಅದೆಂಥ ಕಲ್ಲು? ನಾವು ಮೆಟ್ಟಿಲ ಮೇಲೆ ತಲೆಗೆ ಕೈ ಹಚ್ಚಿ ಕೂತೆವು. ಕಾವಲುಗಾರನಿಗೆ ಕರುಣೆ ಬಂತು. ಬಹಳ ವಿಚಾರ ಮಾಡಿ ಹೇಳಿದ: "ರೂಲ್ಸಿನ್ಯಾಗ ಮೂರು ಕಾಲಿನ ಸ್ಟ್ಯಾಂಡ್ ಬ್ಯಾಡ ಅಂತ ಐತ್ರಿ. ಎರಡು ಕಾಲಿಂದು ಏನೂ ಬರ್ದಿಲ್ಲ." ಹಾಗಂದವನೇ ಹೆಗಲ ಮೇಲಿನ ಟವೆಲ್ಲನ್ನು ನಾಲ್ಕು ಮಡಿಕೆ ಮಾಡಿ ಇಟ್ಟುಕೊಂಡು, ಕಂಬದ ಪಕ್ಕ ನೆಟ್ಟಗೆ ನಿಂತ. "ಇಡ್ರಿ ನಿಮ್ಮ ಮಷೀನ."

ಇಡೀ ದಿನ ಅವನ ಹೆಗಲ ಮೇಲೆಯೇ ಬಾದಾಮಿ ಮುಗಿಸಿದೆವು.

ಸಿನಿಮಾ ತಯಾರಾದ ಮೇಲೆ ಒಂದು ಸಲ ಬೆಂಗಳೂರಿನಲ್ಲಿ ಹತ್ತು ಹನ್ನೆರಡು ಜನ ಗಡ್ಡದವರ ಮುಂದೆ ತೋರಿಸಿದ್ದೆ. ಅವರಲ್ಲೊಬ್ಬರು ನನ್ನ ಕೈ ಹಿಡಿದು, "ಆ ಕಲ್ಲುಗಳು ಉಸಿರಾಡುತ್ತಿವೆಯಲ್ಲ! ಒಂದು ಲಯದಲ್ಲಿ ಏರುತ್ತವೆ, ಇಳಿಯುತ್ತವೆ. ಇದನ್ನು ಹೇಗೆ ಸಾಧಿಸಿದಿರಿ?" ಎಂದು ಕೇಳಿದರು. ನಾನು ಗಂಭೀರವಾಗಿ, ಬಹಳ ದಿನದ ಅಭ್ಯಾಸ ಅಂದುಬಿಟ್ಟೆ. ಮನಸ್ಸು ಕುಟುಕುತ್ತಿತ್ತು. ಬಾದಾಮಿಗೆ ಹೋದಾಗ ಕಾವಲುಗಾರನಿಗೆ ಎಲ್ಲ ಹೇಳಿದೆ. ಅವನಿಗೆ ಆಶ್ಚರ್ಯವೇನೂ ಆಗಲಿಲ್ಲ.

"ಆವತ್ತ ನನಗ ದಮ್ಮು ಭಾಳ ಇತ್ರಿ. ಆರಾಮ ಇದ್ದಾಗ ಬಂದಿದ್ರ ನಿಮ್ಮ ಕಲ್ಲು ಸುಮ್ಮನ ನಿಂದರ್ತಿದ್ವು."

ಹೀರೋಯಿನ್ ಖೋಲಿ

ಇಳಕಲ್ಲಿನಲ್ಲಿ ಇಳಿಯಲು ಜಾಗ ಸಿಗದೆ ಹುನಗುಂದದ ಒಂದು ಖಾನಾವಳಿಯಲ್ಲಿ ಉಳಿದುಕೊಂಡೆವು. ಮಾಲೀಕ ನಮ್ಮನ್ನು ಪಡಸಾಲೆಯಲ್ಲಿ ಮಲಗಿಸಿದ. ಒಳಗೆ ಒಂದು ಒಳ್ಳೇ ಖೋಲಿ ಖಾಲಿ ಇತ್ತು. ಹೊಸ ಚಾದರ, ಗೋಡೆಗೆ ಕನ್ನಡಿ, ಕನ್ನಡಿಯ ಕೆಳಗೆ ಪೌಡರ್ ಡಬ್ಬಿ. "ಅದು ಅಕ್ಕಾರಿಗೆ" ಅಂದ. ಯಾವ ಅಕ್ಕ ಎಂದು ನಮಗೆ ತಿಳಿಯಲಿಲ್ಲ. ಅವನ ಮನೆಯವರು ಯಾರೋ ಇರಬೇಕೆಂದು ಸೊಳ್ಳೆ ಹೊಡೆಯುತ್ತ ಬಿದ್ದುಕೊಂಡೆವು.

ಮೂರನೇ ದಿನ ಮುಂಜಾನೆ ಆತ ಚಹಾ ತಂದಿಟ್ಟು ಕೇಳಿದ: "ಅಲ್ರಿ, ನಿಮ್ಮ ಹೀರೋಯಿನ್ ಅಕ್ಕಾರು ಯಾವಾಗ ಬರ್ತಾರ? ಓಣ್ಯಾಗಿನ ಹೆಣ್ಣಮಕ್ಕಳೆಲ್ಲ ದಿನಾ ಬಂದು ಕೇಳಾಕತ್ಯಾರ."

ಗೆಳೆಯ ಎದ್ದು ಟ್ರಂಕು ತೆಗೆದು, ಚಿತ್ರೀಕರಣಕ್ಕೆಂದು ನಾನು ಹೆಂಡತಿಯನ್ನು ಕಾಡಿ ಬೇಡಿ ತಂದಿದ್ದ ಅವಳ ಮದುವೆಯ ಇಳಕಲ್ ಸೀರೆಯನ್ನು ಹೊರಗಿಟ್ಟ. "ಈಕೀನ ನೋಡ್ರಿ ನಮ್ಮ ಹೀರೋಯಿನ್. ಬಂದು ಮೂರು ದಿನ ಆತು."

ಇನ್ನೇನು ಬೈಯುತ್ತಾನೆ ಅಂದುಕೊಂಡೆ. ಆತ ಸೆರಗು ಬಿಚ್ಚಿ, ಎರಡು ಬೆರಳಲ್ಲಿ ತಿಕ್ಕಿ ನೋಡಿದ. "ಖರೇ ರೇಷ್ಮಿ ಏನ್ರಿ?"

"ಖರೇ."

"ಮತ್ತ ಇಂಥಾಕೀನ ಟ್ರಂಕಿನ್ಯಾಗ ಯಾಕ ಇಟ್ಟೀರಿ?" ಎಂದು ಸಿಟ್ಟು ಮಾಡಿ, ಸೀರೆಯನ್ನು ಎರಡೂ ಕೈಯಲ್ಲಿ ಎತ್ತಿಕೊಂಡು ಹೋಗಿ ಹೊಸ ಚಾದರದ ಮೇಲೆ ಮಲಗಿಸಿ, ಖೋಲಿಗೆ ಕೀಲಿ ಹಾಕಿದ. ನಾವು ಪಡಸಾಲೆಯಲ್ಲೇ ಉಳಿದೆವು. ಊರು ಬಿಡುವ ದಿನ ಬೀಳ್ಕೊಡುತ್ತ ಹೇಳಿದ: "ಮುಂದಿನ ಸಲ ಅಕ್ಕಾರ್ನ ಅಷ್ಟ ಕಳಸ್ರಿ. ಬಿಸಿನೀರು ಕೇಳಂಗಿಲ್ಲ, ಭಜಿ ಕೇಳಂಗಿಲ್ಲ. ನಿಮ್ಮದ ಭಾಳ ಕಾಟ."

ಖಾಲಿ ನೀರು

ಮಹಾಕೂಟದ ಹೊಂಡದಲ್ಲಿ ನನಗೆ ಬೇಕಾದದ್ದು ಖಾಲಿ ನೀರು. ಯಾರೂ ಇಳಿಯದ, ಅಲುಗದ ನೀರು. ಇಪ್ಪತ್ತು ಸೆಕೆಂಡು ಸಿಕ್ಕರೆ ಸಾಕು. ಆದರೆ ಅಲ್ಲಿಗೆ ಬಂದವರು ಜಳಕ ಮಾಡದೆ ಹೋಗುವುದಿಲ್ಲ. ಒಬ್ಬ ಎದ್ದರೆ ಇನ್ನೊಬ್ಬ ಇಳಿಯುತ್ತಾನೆ. ನಾವಿಬ್ಬರೂ ದಂಡೆಯ ಮೇಲೆ ಕೂತು ಕಾದೆವು. ಮಧ್ಯಾಹ್ನದ ಊಟದ ಹೊತ್ತಿಗೆ ಎಲ್ಲರೂ ಎದ್ದರು. ನೀರು ನಿಧಾನವಾಗಿ ಸುಮ್ಮನಾಗತೊಡಗಿತು. ಗೆಳೆಯ ಕ್ಯಾಮರಾಕ್ಕೆ ಚಾವಿ ಕೊಟ್ಟ. ನಾವು ಉಸಿರು ಬಿಗಿಹಿಡಿದು ನೀರನ್ನೇ ನೋಡುತ್ತಿದ್ದೆವು.

ಆಗ ದಾರಿಯಲ್ಲಿ ಹೋಗುವ ಒಬ್ಬ ಯಾತ್ರಿಕ ನಿಂತು ತಾನೂ ನೀರು ನೋಡಿದ. "ಏನ್ರಿ ಬಿದ್ದದ್ದು?" ಅಂದ. "ಏನೂ ಬಿದ್ದಿಲ್ರಿ" ಅಂದೆ. ಅವನು ನಂಬಲಿಲ್ಲ. ಏನೂ ಬೀಳದೆ ಇಬ್ಬರು ಗಂಡಸರು ನೀರನ್ನು ಹೀಗೆ ನೋಡುತ್ತಾರೆಯೇ? ಇನ್ನೂ ಇಬ್ಬರು ಬಂದರು. "ಏನು ಕಳಕೊಂಡಾರಂತ?" "ಬಾಯಿ ಬಿಡವಲ್ರು ಪಾಪ. ಬಂಗಾರದ್ದ ಇರಬೇಕು." ನೋಡುನೋಡುತ್ತ ಮಂದಿ ನೆರೆಯಿತು. ನಾನು "ಇಳಿಬ್ಯಾಡ್ರಿ, ನಿಮ್ಮ ಕಾಲು ಬೀಳ್ತೇನಿ" ಎಂದು ಬೇಡಿಕೊಂಡೆ. ನನ್ನ ದನಿಯಲ್ಲಿನ ಸಂಕಟ ಕೇಳಿ ಅವರಿಗೆ ಖಾತ್ರಿಯೇ ಆಯಿತು. ನಾಲ್ಕು ಜನ ಧೋತರ ಕಟ್ಟಿ ದಬದಬ ಧುಮುಕಿದರು.

ಅರ್ಧ ತಾಸು ಹುಡುಕಿದರು. ನೀರಂತೂ ಕೆಸರೆದ್ದು ಹೋಯಿತು. ಕೊನೆಗೆ ಒಬ್ಬ, ಯಾವ ಕಾಲದಲ್ಲೋ ಬಿದ್ದು ಕಪ್ಪಾಗಿದ್ದ ಒಂದು ತಂಬಿಗೆ ಹಿಡಿದು ಮೇಲೆ ಬಂದ. ನಮ್ಮದಲ್ಲ ಅಂದರೂ ಬಿಡದೆ ನನ್ನ ಕೈಗಿಟ್ಟು, ಎಲ್ಲರಿಗೂ ಕೇಳುವ ಹಾಗೆ ಅಂದ: "ಇಷ್ಟ ಸಣ್ಣ ತಂಬಿಗಿ ಸಲುವಾಗಿ ಮುಂಜಾನಿಂದ ಅಳಕೋತ ಕುಂತಾರ ನೋಡ್ರಿ."

ಕೊಂಡಿ

ಇನ್ನು ನೂಲು. ಇಳಕಲ್ಲಿನಲ್ಲಿ ಒಬ್ಬ ಹಿರಿಯ ನೇಕಾರರು ಒಪ್ಪಿಕೊಂಡರು. ನಾನು ಅವರನ್ನು ಕಾಕಾ ಅನ್ನುತ್ತಿದ್ದೆ. ಇಳಕಲ್ ಸೀರೆಯ ವಿಶೇಷ ಬಲ್ಲವರಿಗೆ ಗೊತ್ತು: ಒಡಲಿನ ಹಾಸು, ಅಂದರೆ ಉದ್ದನೆಯ ಎಳೆಗಳು, ಬೇರೆ, ಸೆರಗಿನ ಹಾಸು ಬೇರೆ. ಒಡಲಿನ ಒಂದೊಂದು ಎಳೆಗೂ ಸೆರಗಿನ ಒಂದೊಂದು ಎಳೆ ಕೊಂಡಿ ಹಾಕಿ ಜೋಡಿಸಬೇಕು. ಸಾವಿರಾರು ಎಳೆ. ಒಬ್ಬರಿಂದ ಆಗುವ ಕೆಲಸವಲ್ಲ. ಮನೆಯವರೆಲ್ಲ ಕೂತು ಮಾಡುತ್ತಾರೆ. ನನ್ನ ಸಿನಿಮಾದ ಜೀವವೇ ಆ ಕೊಂಡಿ. ಅದಿಲ್ಲದಿದ್ದರೆ ಕಲ್ಲು ಒಂದು ಕಡೆ, ನೀರು ಒಂದು ಕಡೆ.

ಕೊಂಡಿ ಹಾಕುವ ದಿನ ಬೆಳಕು ಹರಿಯುವುದರೊಳಗೆ ಹೋದೆವು. ಕಾಕಾ ಚಿಂತೆಯಲ್ಲಿ ಕೂತಿದ್ದರು. ಸೊಸೆ ತವರಿಗೆ ಹೋಗಿದ್ದಾಳೆ, ಮಗನಿಗೆ ಜ್ವರ. ಕಾಕಾ, ಅವರ ಹೆಂಡತಿ ಕಾಕು ಇಬ್ಬರೇ.

ಕಾಕು ನನ್ನನ್ನು ನೋಡಿ, "ಸುಮ್ಮನ ಯಾಕ ನಿಂತೀರಿ ಮಾಸ್ತರ? ಈ ತುದಿ ಹಿಡೀರಿ" ಅಂದರು. ಹಿರಿಯರು ಹೇಳಿದ ಮೇಲೆ ಹಿಡಿಯದೆ ಹೇಗಿರುವುದು? ಹಿಡಿದೆ. ಸ್ವಲ್ಪ ಹೊತ್ತಿಗೆ ಕಾಕಾ ಗೆಳೆಯನಿಗೆ, "ನಿಮ್ಮ ಮಷೀನ ಅಲ್ಲಿ ಗೂಟಕ್ಕ ಹಾಕ್ರಿ. ಇದನ್ನ ಬಿಗಿಯಾಗಿ ಹಿಡೀರಿ, ಬಿಟ್ರ ಎಲ್ಲಾ ಸಿಕ್ಕ ಆಕ್ಕಾವ" ಅಂದರು. ಅವನೂ ಹಿಡಿದ. ಮೂಗು ತುರಿಸಿದರೂ ಕೈ ಬಿಡುವಂತಿಲ್ಲ. ಕಾಕಾನ ಬೆರಳು ಓಡುವ ಚೆಂದ ಎಂಥದು! ಕಿಟಕಿಯಿಂದ ಬಿದ್ದ ಬೆಳಕು, ಎಳೆಯ ಮೇಲೆ ಎಳೆ. ಅಂಥ ದೃಶ್ಯ ನನ್ನ ಜೀವಮಾನದಲ್ಲಿ ನೋಡಿಲ್ಲ. ಕ್ಯಾಮರಾ ಗೂಟಕ್ಕೆ ನೇತಾಡುತ್ತಿತ್ತು. ನಾನೂ ಗೆಳೆಯನೂ ಒಬ್ಬರ ಮುಖ ಒಬ್ಬರು ನೋಡಿಕೊಂಡು, ಕಣ್ಣಲ್ಲೇ ಅತ್ತುಕೊಂಡು, ಎಳೆ ಹಿಡಿದೇ ಇದ್ದೆವು.

ಎಲ್ಲ ಮುಗಿದ ಮೇಲೆ ಕಾಕಾ ಸೊಂಟ ನೆಟ್ಟಗೆ ಮಾಡಿ, "ಬರೋಬ್ಬರಿ ಬಂತೇನ್ರಿ ಫೋಟೋ?" ಎಂದು ಕೇಳಿದರು.

"ಕಾಕಾ, ಇನ್ನೊಮ್ಮೆ..." ಅಂದೆ.

"ಇನ್ನೊಮ್ಮೆ ಅಂದ್ರ ಮುಂದಿನ ಸೀರಿಗೆ. ತಪ್ಪದ ಬರ್ರಿ, ಸೊಸಿ ಇರ್ಲಿ ಬಿಡ್ಲಿ. ಆಕೀಗಿಂತ ನಿಮ್ಮ ಕೈ ಬಿಗಿ ಐತಿ."

ಮುಂದಿನ ಸೀರೆಗೆ ಹೋಗುವಾಗ, ಎಳೆ ಹಿಡಿಯುವುದಕ್ಕೆಂದೇ ನಮ್ಮ ಶಾಲೆಯ ಇಬ್ಬರು ಮಾಸ್ತರರನ್ನು ಕರೆದುಕೊಂಡು ಹೋದೆವು.

ಬೆನ್ನು ತೋರಿಸಿದವರು

ಸಿನಿಮಾ ಮುಗಿಯಿತು. ತೋರಿಸುವ ಪಾಡು ಶುರುವಾಯಿತು. ಬಾಗಲಕೋಟೆಯಲ್ಲಿ ನಮ್ಮ ಶಾಲೆಯಲ್ಲೇ ತೋರಿಸಿದೆ. ನಾಲ್ಕನೇ ನಿಮಿಷಕ್ಕೆ ಹೆಡ್ಮಾಸ್ತರರು ಎದ್ದರು. ಅವರು ಎದ್ದ ಮೇಲೆ ಉಳಿದವರು ಕೂಡುವುದು ಶಿಸ್ತಲ್ಲ ಎಂದು ಎಲ್ಲರೂ ಎದ್ದರು. ಐಹೊಳೆಯಲ್ಲಿ ತೋರಿಸಿದೆ. "ಇಂಥಾ ಕಲ್ಲು ದಿನಾ ನೋಡ್ತೇವಲ್ರಿ" ಎಂದು ಹೋದರು. ಆ ರಾತ್ರಿ ಊಟ ಸೇರಲಿಲ್ಲ. ಮೂರು ವರ್ಷ ಏನು ಮಾಡಿದೆ ಎಂದು ನನಗೇ ತಿಳಿಯದಂತಾಯಿತು.

ಆಮೇಲೆ ರಾಮಥಾಳ. ಪರದೆ ಕಟ್ಟಿ, ಮಂದಿಯ ಹಿಂದೆ ಪ್ರೊಜೆಕ್ಟರ್ ಇಟ್ಟು ಗೆಳೆಯ ಚಾಲೂ ಮಾಡಿದ. ನಾನು ಪರದೆಯ ಪಕ್ಕ ನಿಂತು ಮಂದಿಯ ಮುಖ ನೋಡಬೇಕೆಂದಿದ್ದೆ. ಮುಖವೇ ಕಾಣಲಿಲ್ಲ. ಒಬ್ಬ ತಿರುಗಿ ಪ್ರೊಜೆಕ್ಟರ್ ನೋಡಿದ. ಅವನ ಪಕ್ಕದವನು ತಿರುಗಿದ. ಎರಡು ನಿಮಿಷದಲ್ಲಿ ಇಡೀ ಊರು ಪರದೆಗೆ ಬೆನ್ನು ಹಾಕಿ, ಗರಗರ ತಿರುಗುವ ರೀಲನ್ನು ಬಾಯಿ ತೆರೆದು ನೋಡುತ್ತ ಕೂತಿತು. ಒಬ್ಬರೂ ಏಳಲಿಲ್ಲ. ಪೂರ್ತಿ ಹದಿನೆಂಟು ನಿಮಿಷ!

ಮುಗಿದ ಮೇಲೆ ಊರಿನ ಹಿರಿಯರೊಬ್ಬರು ಬಂದು ನನ್ನ ಬೆನ್ನು ಚಪ್ಪರಿಸಿದರು. "ಭಾಳ ಛಲೋ ಇತ್ರಿ. ಆದ್ರ ಆ ಹಿಂದಿನ ಗೋಡಿಗೆ ಅದೇನೋ ಬೆಳಕು ಬಿಡಾಕತ್ತಿದ್ರಲ್ಲ, ಅದೊಂದು ಕಣ್ಣಿಗೆ ತ್ರಾಸ ಆತು ನೋಡ್ರಿ."

ಎರಡನೇ ಪಿಚ್ಚರು

ಕೊನೆಯ ಸಲ ಅಂತ ಇಳಕಲ್ಲಿಗೆ ಹೋದೆ. ಇಲ್ಲೂ ಆಗದಿದ್ದರೆ ರೀಲನ್ನು ಅಟ್ಟಕ್ಕೆ ಹಾಕಿ, ಸುಮ್ಮನೆ ಮಕ್ಕಳಿಗೆ ಹೂಕುಂಡ ಬರೆಯಲು ಕಲಿಸುತ್ತ ರಿಟೈರಾಗುವುದೆಂದು ಹೆಂಡತಿಗೆ ಮಾತು ಕೊಟ್ಟಿದ್ದೆ. ಅದು ಉಪಚಾರದ ಮಾತಾಗಿರಲಿಲ್ಲ. ನಿಜಕ್ಕೂ ಸಾಕಾಗಿತ್ತು.

ಅಮಾವಾಸ್ಯೆಯ ದಿನ ನೇಕಾರರು ಮಗ್ಗಕ್ಕೆ ಕೈ ಹಚ್ಚುವುದಿಲ್ಲ, ಎಲ್ಲರೂ ಬಿಡುವಾಗಿರುತ್ತಾರೆ. ಅವತ್ತೇ ಮಧ್ಯಾಹ್ನ ಓಣಿಯ ದೊಡ್ಡ ಪಡಸಾಲೆಯೊಂದರಲ್ಲಿ ಬಾಗಿಲು ಕಿಟಕಿಗೆಲ್ಲ ಕಂಬಳಿ ಕಟ್ಟಿ ಕತ್ತಲು ಮಾಡಿದೆವು. ರಾಮಥಾಳದ ಅನುಭವ ಇತ್ತಲ್ಲ, ಪ್ರೊಜೆಕ್ಟರನ್ನು ಪಕ್ಕದ ಕೋಣೆಯಲ್ಲಿಟ್ಟು ಕಿಂಡಿಯಿಂದ ಬೆಳಕು ಬಿಟ್ಟೆವು. ಓಣಿಗೆ ಓಣಿಯೇ ಬಂದಿತ್ತು. ಮುಂದಿನ ಸಾಲಿನಲ್ಲಿ ಕಾಕಾ, ಕಾಕು.

ಸಿನಿಮಾ ಶುರುವಾಯಿತು. ನಾನು ಹಿಂದೆ ಬಾಗಿಲಲ್ಲಿ ನಿಂತು ಎಣಿಸುತ್ತಿದ್ದೆ. ನಾಲ್ಕು ನಿಮಿಷ, ಯಾರೂ ಏಳಲಿಲ್ಲ. ಎಂಟಾಯಿತು, ಏಳಲಿಲ್ಲ. ಎಲೆ ಅಡಿಕೆ ಕೈಯಿಂದ ಕೈಗೆ ಹೋಗುತ್ತಿತ್ತು, ಸಣ್ಣಗೆ ಮಾತೂ ನಡೆದಿತ್ತು, ಆದರೆ ಎಲ್ಲರ ಮುಖ ಪರದೆಯ ಕಡೆಗೇ. ಹದಿನೈದು. ಹದಿನೇಳು. ಹದಿನೆಂಟು! ದೀಪ ಹಚ್ಚಿದರು. ಒಬ್ಬರೂ ಜಾಗ ಬಿಟ್ಟಿರಲಿಲ್ಲ. ನನ್ನ ಕಣ್ಣು ತುಂಬಿ ಬಂದವು. ನಾಚಿಕೆ ಬಿಟ್ಟು ಅತ್ತೆ. ಕಣ್ಣೊರೆಸಿಕೊಂಡು ಮುಂದೆ ಹೋಗಿ, ಎರಡು ಮಾತಾಡಬೇಕೆಂದು ಕೈ ಮುಗಿದು ನಿಂತೆ.

ಕಾಕಾ ಕೂತಲ್ಲಿಂದಲೇ ಪ್ರೀತಿಯಿಂದ ಅಂದರು: "ಆತ್ರಿ ಮಾಸ್ತರ, ಸರಕಾರದ್ದು ಮುಗೀತು. ಇನ್ನ ಪಿಚ್ಚರ್ ಹಚ್ರಿ."

ನನಗೆ ನಿಧಾನಕ್ಕೆ ಹೊಳೆಯಿತು. ಆಗ ಯಾವ ಥೇಟರಿಗೆ ಹೋದರೂ ಪಿಚ್ಚರಿಗೆ ಮೊದಲು ಸರಕಾರದ ರೀಲು ಇರುತ್ತಿತ್ತು. ಅಣೆಕಟ್ಟು, ಗೊಬ್ಬರ, ಕುಟುಂಬ ಯೋಜನೆ. ಕಪ್ಪು ಬಿಳುಪಿನಲ್ಲಿ ಹದಿನೈದಿಪ್ಪತ್ತು ನಿಮಿಷ. ಹಾಡಿಲ್ಲ, ಕಥೆಯಿಲ್ಲ. ಅದು ಮುಗಿಯುವ ತನಕ ತಾಳ್ಮೆಯಿಂದ ಕೂಡುವುದು ನಮ್ಮ ಜನಕ್ಕೆ ಚೆನ್ನಾಗಿ ರೂಢಿಯಾಗಿತ್ತು. ಅವರು ನನ್ನ ಸಿನಿಮಾ ನೋಡಿರಲಿಲ್ಲ. ಅದು ಮುಗಿಯಲೆಂದು ಕಾದಿದ್ದರು.

ಇದೇ ಪಿಚ್ಚರು ಅನ್ನಲು ಬಾಯಿ ಬರಲಿಲ್ಲ. ಒಳಗೆ ಹೋಗಿ ಗೆಳೆಯನ ಪಕ್ಕ ಗೋಡೆಗೊರಗಿ ಕೂತೆ. ಅವನು ನನ್ನ ಮುಖ ನೋಡಿದ. "ಲೇ ಮಾಸ್ತರ, ಮಂದಿ ಪಿಚ್ಚರ್ ಕೇಳಾಕತ್ಯಾರ. ನಮ್ಮ ಹತ್ರ ಇರೋದು ಒಂದ" ಅಂದ. ರೀಲು ಹಿಂದಕ್ಕೆ ಸುತ್ತಿ, ಅದನ್ನೇ ಮತ್ತೆ ಹಚ್ಚಿಬಿಟ್ಟ.

ಓಡಿಹೋಗೋಣ ಅನ್ನಿಸಿತು. ಎದ್ದು ಬಾಗಿಲ ತನಕ ಬಂದೆ. ಆದರೆ ಹೊರಗೆ ಸದ್ದೇ ಬೇರೆಯಾಗಿತ್ತು. ಪಿಚ್ಚರು ಶುರುವಾಯಿತೆಂದು ಎಲ್ಲರೂ ಬಾಯಿಯ ಎಲೆ ಅಡಿಕೆ ಉಗುಳಿ, ಸರಿದು ಕೂತರು. ಬಾದಾಮಿಯ ಕಲ್ಲು ಬಂದಾಗ ಯಾರೋ ಸೀಟಿ ಹೊಡೆದರು. ನೀರು ಬಂದಾಗ ಒಂದು ಹೆಣ್ಣುಮಗಳು "ಮಹಾಕೂಟೇಶ್ವರಾ" ಎಂದು ಕೈ ಮುಗಿದಳು. ಕೊಂಡಿ ಹಾಕುವಾಗ ಇಡೀ ಪಡಸಾಲೆ ಉಸಿರು ಹಿಡಿದಿತ್ತು. ಒಂದು ಎಳೆ ಜಾರಿದ್ದೇ ತಡ, ಕಾಕು "ಅಯ್ಯ, ಹಿಡಕೋರಿ!" ಎಂದು ಕೂಗಿಕೊಂಡರು. ಮುಗಿದಾಗ ಚಪ್ಪಾಳೆಯೋ ಚಪ್ಪಾಳೆ. ಮೂರು ವರ್ಷದ ದಣಿವು ಎಲ್ಲಿ ಹೋಯಿತೋ ಗೊತ್ತಿಲ್ಲ.

ಕಾಕಾ ಎದ್ದು ಬಂದು ನನ್ನ ಕೈ ಹಿಡಿದುಕೊಂಡರು. ಸಿನಿಮಾದಲ್ಲಿ ನಾನು ಅವರ ಮುಖ ಎಲ್ಲೂ ತೋರಿಸಿರಲಿಲ್ಲ, ಬರೀ ಕೈ. ನನ್ನ ಪ್ರಯೋಗ ಅದು.

"ಭಾರಿ ಆತು ಮಾಸ್ತರ. ನನ್ನ ಕೈ ನೋಡಿದ ಕೂಡ್ಲೇ ಗುರ್ತಾ ಹಿಡದ್ನಿ" ಅಂದರು. ಅವರ ಕಣ್ಣೂ ಒದ್ದೆಯಾಗಿತ್ತು. ಆಮೇಲೆ ಯಾರಿಗೂ ಕೇಳದ ಹಾಗೆ ಕಿವಿಯ ಹತ್ತಿರ ಬಂದು ದನಿ ಇಳಿಸಿದರು. "ಒಂದು ಮಾತು, ಮನಸಿಗೆ ಹಚ್ಚಕೋಬ್ಯಾಡ್ರಿ. ಆ ಮೊದಲನೇದ್ರಾಗ ಯಾರ್ನ ಹಿಡಕೊಂಡು ಬಂದಿದ್ರಿ? ಅವಗ ನೇಯಾಕ ಬರಂಗಿಲ್ಲ."